ಮೂರು ನಾಡು, ಒಂದು ದಾರಿ

ಬಾಲ್ಟಿಕ್ ಸಮುದ್ರದ ಪೂರ್ವ ತೀರದಲ್ಲಿ, ದಕ್ಷಿಣದಿಂದ ಉತ್ತರಕ್ಕೆ, ಲಿಥುವೇನಿಯಾ, ಲಾಟ್ವಿಯಾ, ಎಸ್ಟೋನಿಯಾ ಎಂಬ ಮೂರು ಪುಟ್ಟ ದೇಶಗಳು ಒಂದರ ಹೆಗಲಿಗೆ ಇನ್ನೊಂದು ತಾಗುವಂತೆ ನಿಂತಿವೆ. ಮೂರರ ಜನಸಂಖ್ಯೆಯನ್ನು ಕೂಡಿಸಿದರೂ ಅರುವತ್ತು ಲಕ್ಷದ ಆಸುಪಾಸು. ನಮ್ಮ ಬೆಂಗಳೂರು ನಗರವೊಂದರ ಜನಸಂಖ್ಯೆಗಿಂತ ಎಷ್ಟೋ ಕಡಮೆ. ದಕ್ಷಿಣದ ರಾಜಧಾನಿ ವಿಲ್ನಿಯಸ್ಸಿನಿಂದ ಉತ್ತರದ ರಾಜಧಾನಿ ಟಾಲಿನ್ನಿಗೆ ರಸ್ತೆಯಲ್ಲಿ ಸುಮಾರು ಆರುನೂರು ಕಿಲೋಮೀಟರು. ಆದುದರಿಂದ ಪ್ರವಾಸಗಳನ್ನು ಏರ್ಪಡಿಸುವವರು ಈ ಮೂರು ದೇಶಗಳನ್ನೂ ಒಂದೇ ಗಂಟಿನಲ್ಲಿ ಕಟ್ಟಿ ಕೊಡುತ್ತಾರೆ: ಹತ್ತು ದಿನ, ಹನ್ನೆರಡು ಮಂದಿಯ ತಂಡ, ಒಂದು ಸಣ್ಣ ಬಸ್ಸು, ಒಬ್ಬ ಮಾರ್ಗದರ್ಶಿ, ಮೂರು ರಾಜಧಾನಿ. ಪ್ರಯಾಣಿಕನಿಗೆ ಇದರಲ್ಲಿ ಅನುಕೂಲವಿದೆ. ಆದರೆ ಗಂಟು ಬಿಚ್ಚಿದಾಗ ಒಳಗೆ ಕಾಣುವುದು ಒಂದೇ ನಾಡೋ ಮೂರು ನಾಡೋ ಎಂಬುದು ಅಲ್ಲಿಯ ಜನರ ಪಾಲಿಗೆ ಬಾಳಿನ ಪ್ರಶ್ನೆಯಾಗಿದ್ದಿತು. ಒಂದು ಬೇಸಗೆಯಲ್ಲಿ ಅಂಥ ತಂಡವೊಂದರೊಡನೆ ಹೋಗಿಬಂದ ಮೇಲೆ, ನೋಡಿದ ಕೋಟೆ ಇಗರ್ಜಿಗಳಿಗಿಂತ ಹೆಚ್ಚಾಗಿ ಈ ಪ್ರಶ್ನೆಯೇ ನನ್ನ ಮನಸ್ಸಿನಲ್ಲಿ ಉಳಿದಿದೆ.

ಹನ್ನೆರಡು ಮಂದಿ

ನಲವತ್ತು ಜನರ ದೊಡ್ಡ ಬಸ್ಸಿನಲ್ಲಿ ಮಾರ್ಗದರ್ಶಿಯ ಕೈಯಲ್ಲಿ ಧ್ವನಿವರ್ಧಕವಿರುತ್ತದೆ. ಪ್ರಯಾಣಿಕರು ಸಭಿಕರಂತೆ ಕುಳಿತು ಕೇಳುತ್ತಾರೆ. ಹನ್ನೆರಡು ಜನರ ಬಸ್ಸಿನಲ್ಲಿ ಭಾಷಣ ಸಾಗುವುದಿಲ್ಲ. ಎರಡನೆಯ ದಿನಕ್ಕೇ ಅದು ಮಾತುಕತೆಯಾಗುತ್ತದೆ. ‘ಇಲ್ಲಿ ಸ್ವಲ್ಪ ನಿಲ್ಲಿಸಬಹುದೆ?’ ಎಂದು ಕೇಳಿದರೆ ಬಸ್ಸು ನಿಲ್ಲುತ್ತದೆ. ‘ಅದು ಹಾಗೇಕೆ?’ ಎಂದು ಕೇಳಿದರೆ ಉತ್ತರ ಬರುತ್ತದೆ. ಇದಕ್ಕೆ ತಕ್ಕ ತೊಂದರೆಯೂ ಉಂಟು. ಒಬ್ಬರು ತಡಮಾಡಿದರೆ ಹನ್ನೊಂದು ಮಂದಿ ಕಾಯಬೇಕು. ಮಾರ್ಗದರ್ಶಿಯ ಕಣ್ಣು ಎತ್ತ ತಿರುಗುವುದೋ ಎಲ್ಲರ ಕಣ್ಣೂ ಅತ್ತಲೇ ತಿರುಗುವುದು. ಅದು ತಿರುಗದ ಕಡೆಯ ಲೋಕ ನಮ್ಮ ಪಾಲಿಗೆ ಇಲ್ಲವೇ ಇಲ್ಲ.

ನಮ್ಮ ತಂಡದಲ್ಲಿ ಕೆನಡಾದ ನಿವೃತ್ತ ಅಧ್ಯಾಪಿಕೆಯೊಬ್ಬರು, ಐರ್ಲೆಂಡಿನ ಅಣ್ಣತಮ್ಮಂದಿರಿಬ್ಬರು, ಆಸ್ಟ್ರೇಲಿಯದ ಮೂವರು ದಾದಿಯರು, ಸ್ಪೇನಿನ ದಂಪತಿಗಳು, ಪುಣೆಯ ವೈದ್ಯರೊಬ್ಬರು ಮತ್ತು ಅವರ ಮಗಳು, ನಾನು ಮತ್ತು ನನ್ನ ಪತ್ನಿ. ಮಾರ್ಗದರ್ಶಿ ಲಾಟ್ವಿಯಾದವರು, ಐವತ್ತರ ಹೊಸ್ತಿಲಿನ ಹೆಂಗಸು. ಬಸ್ಸು ನಡೆಸುತ್ತಿದ್ದವನು ಅದೇ ದೇಶದ ರಾಜಧಾನಿ ರೀಗಾದಲ್ಲಿ ಹುಟ್ಟಿ ಬೆಳೆದವನು. ಆದರೆ ಅವನ ಮನೆಮಾತು ರಷ್ಯನ್. ಆಕೆಗೆ ಅವನೊಡನೆ ಹತ್ತು ವರ್ಷದ ಒಡನಾಟ. ಇಬ್ಬರೂ ರಷ್ಯನ್ನಿನಲ್ಲೇ ಮಾತಾಡಿಕೊಳ್ಳುತ್ತಿದ್ದರು. ಪ್ರವಾಸದ ಪಟ್ಟಿಯಲ್ಲಿ ಹೇಳದೆ ಇದ್ದ ಬಾಲ್ಟಿಕ್ ಚರಿತ್ರೆಯ ಒಂದು ಅಧ್ಯಾಯ ಆ ಎರಡು ಮುಂದಿನ ಆಸನಗಳಲ್ಲಿ ದಿನವೂ ನಮ್ಮೊಡನೆ ಪ್ರಯಾಣಮಾಡುತ್ತಿದ್ದಿತು.

ಈ ದಾರಿಯಲ್ಲಿ ಮೂರು ದೇಶ ದಾಟಿದರೂ ಗಡಿಯಲ್ಲಿ ಯಾರೂ ತಡೆಯುವುದಿಲ್ಲ. 2004ರಲ್ಲಿ ಮೂರೂ ಯೂರೋಪಿನ ಒಕ್ಕೂಟವನ್ನು ಸೇರಿದುವು; 2007ರ ಡಿಸೆಂಬರ್ 21ರಿಂದ ಷೆಂಗೆನ್ ಒಪ್ಪಂದದಂತೆ ಗಡಿಯ ತಪಾಸಣೆ ನಿಂತಿತು. ನಮ್ಮಂಥವರಿಗೆ ಒಂದೇ ವೀಸಾ ಸಾಕು. ಎಸ್ಟೋನಿಯಾ 2011ರಲ್ಲಿ, ಲಾಟ್ವಿಯಾ 2014ರಲ್ಲಿ, ಲಿಥುವೇನಿಯಾ 2015ರಲ್ಲಿ ಯೂರೋ ನಾಣ್ಯವನ್ನು ಒಪ್ಪಿಕೊಂಡುದರಿಂದ ಹಣ ಬದಲಾಯಿಸುವ ತಾಪತ್ರಯವೂ ಇಲ್ಲ. ಊಟದ ವಿಷಯದಲ್ಲಿ ಸಸ್ಯಾಹಾರಿಗಳಿಗೆ ಕಷ್ಟವೆಂದು ಹೆದರಿಸಿದ್ದರು. ಆದರೆ ಲಿಥುವೇನಿಯಾದಲ್ಲಿ ಬೇಸಗೆಯ ತಣ್ಣನೆಯ ಸಾರೊಂದಿದೆ: ಮಜ್ಜಿಗೆಯಂಥ ಹುಳಿಹಾಲಿಗೆ ಬೀಟ್‌ರೂಟು, ಸೌತೆಕಾಯಿ, ಸಬ್ಬಸಿಗೆ ಸೊಪ್ಪು ಹಾಕಿ, ಬಿಸಿ ಆಲೂಗಡ್ಡೆಯೊಡನೆ ಬಡಿಸುತ್ತಾರೆ. ಅದರ ಗುಲಾಬಿ ಬಣ್ಣವನ್ನು ಕಂಡು ಆಸ್ಟ್ರೇಲಿಯದವರು ಹಿಂಜರಿದರು. ನನ್ನ ಪತ್ನಿ ಒಂದು ಚಮಚ ಬಾಯಿಗಿಟ್ಟು, ‘ಇದು ನಮ್ಮ ಮೊಸರುಬಜ್ಜಿಯೇ, ಒಗ್ಗರಣೆ ಮರೆತಿದ್ದಾರೆ ಅಷ್ಟೆ’ ಎಂದಳು.

ಪುಸ್ತಕ ಹೊತ್ತವರು

ವಿಲ್ನಿಯಸ್ಸಿನಲ್ಲಿ ಆ ಊರಿನವರೇ ಆದ ಬೇರೊಬ್ಬ ಮಾರ್ಗದರ್ಶಿ ನಮ್ಮನ್ನು ಸುತ್ತಿಸಿದರು. ನಾವು ಭಾರತದವರೆಂದು ತಿಳಿದೊಡನೆ ಅವರ ಮುಖ ಅರಳಿತು. ಗೆದಿಮಿನಸ್ ಗೋಪುರದ ಬುಡದಲ್ಲಿ ನಿಂತು ಅವರು ಬೆರಳು ಮಡಿಸುತ್ತ ಎಣಿಸತೊಡಗಿದರು. ಅವರ ಭಾಷೆಯಲ್ಲಿ ಬೆಂಕಿಗೆ ‘ಉಗ್ನಿಸ್’, ದೇವರಿಗೆ ‘ದಿಯೆವಸ್’, ಗಂಡಸಿಗೆ ‘ವೀರಸ್’, ಮಗನಿಗೆ ‘ಸೂನುಸ್’, ಹಲ್ಲಿಗೆ ‘ದಂತಿಸ್’, ಜೇನಿಗೆ ‘ಮೆದುಸ್’, ಹೊಗೆಗೆ ‘ದೂಮೈ’. ಅಗ್ನಿ, ದೇವ, ವೀರ, ಸೂನು, ದಂತ, ಮಧು, ಧೂಮ ಎಂದು ನಾವು ಪ್ರತಿಯಾಗಿ ಹೇಳುತ್ತ ಹೋದೆವು. ಉಳಿದವರು ಇದೊಂದು ಆಟವೆಂದು ನಕ್ಕರು. ಆಟವಲ್ಲ, ಇಂದು ಬಳಕೆಯಲ್ಲಿರುವ ಇಂಡೋ-ಯೂರೋಪಿಯನ್ ಭಾಷೆಗಳ ಪೈಕಿ ಹಳೆಯ ರೂಪಗಳನ್ನು ಬಹಳವಾಗಿ ಉಳಿಸಿಕೊಂಡಿರುವುದು ಲಿಥುವೇನಿಯನ್. ಜರ್ಮನಿಯ ಭಾಷಾವಿಜ್ಞಾನಿ ಆಗಸ್ಟ್ ಷ್ಲೈಖರ್ 1852ರಲ್ಲಿ ಅದನ್ನು ರೈತರ ಬಾಯಿಂದಲೇ ಕೇಳಿ ಕಲಿಯಲೆಂದು ಅದನ್ನಾಡುವ ಹಳ್ಳಿಗಳಿಗೆ ಹೋಗಿದ್ದ. ಕನ್ನಡ ದ್ರಾವಿಡ ಭಾಷೆಯಾದುದರಿಂದ ಈ ನಂಟು ನಮಗೆ ಹುಟ್ಟಿನಿಂದ ಬಂದುದಲ್ಲ, ಸಂಸ್ಕೃತದ ಮೂಲಕ ಸಾಲವಾಗಿ ಬಂದುದು ಎಂದು ನಾನು ವಿವರಿಸಿದೆ. ‘ಸಾಲ ಪಡೆದುದನ್ನು ನೀವು ನಮಗಿಂತ ಚೆನ್ನಾಗಿ ಕಾಪಾಡಿದ್ದೀರಿ’ ಎಂದು ಅವರು ಉಪಚಾರದ ಮಾತಾಡಿದರು.

ಅವರ ಭಾಷೆ ಉಳಿದ ಕಥೆ ಉಪಚಾರದ್ದಲ್ಲ. ಹದಿನೆಂಟನೆಯ ಶತಮಾನದ ಕೊನೆಯಿಂದ ಲಿಥುವೇನಿಯಾ ರಷ್ಯದ ಚಕ್ರವರ್ತಿಗಳ ಆಳಿಕೆಗೆ ಒಳಪಟ್ಟಿತ್ತು. 1863ರ ದಂಗೆಯನ್ನು ಅಡಗಿಸಿದ ಮೇಲೆ ಸರ್ಕಾರ ಲಿಥುವೇನಿಯನ್ ಭಾಷೆಯನ್ನು ರೋಮನ್ ಲಿಪಿಯಲ್ಲಿ ಮುದ್ರಿಸಕೂಡದೆಂದು ಆಜ್ಞೆ ಹೊರಡಿಸಿತು. ಬರೆಯುವುದಾದರೆ ರಷ್ಯನ್ ಲಿಪಿಯಲ್ಲೇ ಬರೆಯಬೇಕು. ಈ ನಿಷೇಧ 1904ರವರೆಗೆ, ಸುಮಾರು ನಲವತ್ತು ವರ್ಷ ನಡೆಯಿತು. ಜನ ಆ ಲಿಪಿಯ ಪುಸ್ತಕಗಳನ್ನು ಮುಟ್ಟಲಿಲ್ಲ. ಗಡಿಯಾಚೆ, ಅಂದಿನ ಪೂರ್ವ ಪ್ರಷ್ಯದಲ್ಲಿ, ತಮ್ಮ ಲಿಪಿಯಲ್ಲಿ ಅಚ್ಚುಮಾಡಿಸಿ, ಗೋಣಿಚೀಲಗಳಲ್ಲಿ, ಹುಲ್ಲಿನ ಗಾಡಿಗಳಲ್ಲಿ ಅಡಗಿಸಿ ರಾತ್ರಿ ಗಡಿ ದಾಟಿಸಿದರು. ಸಿಕ್ಕಿಬಿದ್ದವರು ಸೆರೆಮನೆಗೆ, ಸೈಬೀರಿಯಕ್ಕೆ ಹೋದರು. ಕೆಲವರು ಗಡಿಯಲ್ಲೇ ಗುಂಡಿಗೆ ಬಲಿಯಾದರು. ಶಾಲೆಯಲ್ಲಿ ಕಲಿಸಲಾಗದುದನ್ನು ತಾಯಂದಿರು ಮನೆಯಲ್ಲಿ ಕಲಿಸಿದರು. ರಾಟೆ ತಿರುಗಿಸುತ್ತಲೇ ಪಕ್ಕದ ಮಗುವಿಗೆ ಓದು ಹೇಳಿಕೊಡುವ ತಾಯಿಯನ್ನು ಶಿಲ್ಪಿ ಪೆತ್ರಸ್ ರಿಮ್ಷ ಕಡೆದಿಟ್ಟಿದ್ದಾನೆ. ಪುಸ್ತಕ ಹೊತ್ತ ಈ ಜನರಿಗೆ ಆ ಭಾಷೆಯಲ್ಲಿ ಒಂದು ಪ್ರತ್ಯೇಕ ಹೆಸರೇ ಇದೆ, ‘ಕ್ನಿಗ್ನೆಶಿಸ್’. ಕೌನಸ್ ನಗರದ ಯುದ್ಧವಸ್ತು ಸಂಗ್ರಹಾಲಯದ ತೋಟದಲ್ಲಿ, ವೀರಯೋಧರ ನಡುವೆ, ಬೆನ್ನ ಮೇಲೆ ಹೊರೆ ಹೊತ್ತು ನಿಂತ ಅಂಥ ಒಬ್ಬನ ಪ್ರತಿಮೆಯನ್ನೂ ನಿಲ್ಲಿಸಿದ್ದಾರೆ.

ಪಟ್ಟಿಯಲ್ಲಿ ಇಲ್ಲದ ಊರು

ವಿಲ್ನಿಯಸ್ಸಿನಲ್ಲಿ ನಮಗೆ ಒಂದು ಮಧ್ಯಾಹ್ನ ಬಿಡುವಿತ್ತು. ಅಂಬರ್ ಕಲ್ಲಿನ ಆಭರಣದ ಅಂಗಡಿಗಳಿಗೆ ಹೋಗಬೇಕೆಂದು ಕೆಲವರು ಹೇಳಿದರು. ಕೆನಡಾದ ಅಧ್ಯಾಪಿಕೆ ಮಾತ್ರ, ‘ನನಗೆ ಪಾನೆರ್ಯಾಯ್ ನೋಡಬೇಕು’ ಎಂದರು. ಊರ ಹೊರಗಿನ ಆ ಕಾಡಿನ ಹೆಸರು ನಮ್ಮ ಪಟ್ಟಿಯಲ್ಲಿ ಇರಲಿಲ್ಲ. ಬಸ್ಸಿಗೆ ವಿಶ್ರಾಂತಿಯ ದಿನವಾದುದರಿಂದ ಐದು ಮಂದಿ ರೈಲಿನಲ್ಲಿ ಹೊರಟೆವು. ನಮ್ಮ ಲಾಟ್ವಿಯಾದ ಮಾರ್ಗದರ್ಶಿ, ಕೆಲಸದ ಹೊತ್ತಲ್ಲದಿದ್ದರೂ, ತಾವೂ ಬಂದರು.

ಎರಡನೆಯ ಮಹಾಯುದ್ಧಕ್ಕೆ ಮುಂಚೆ ವಿಲ್ನಿಯಸ್ಸನ್ನು ‘ಲಿಥುವೇನಿಯಾದ ಜೆರುಸಲೇಮ್’ ಎಂದು ಕರೆಯುತ್ತಿದ್ದರು. 1920ರಿಂದ 1939ರವರೆಗೆ ನಗರ ಪೋಲೆಂಡಿನ ವಶದಲ್ಲಿದ್ದಿತು. ಲಿಥುವೇನಿಯಾದ ಸರ್ಕಾರ ಕೌನಸ್ಸಿನಿಂದ ಆಡಳಿತ ನಡೆಸುತ್ತಿತ್ತು. ಆಗ ಅಲ್ಲಿಯ ಬೀದಿಗಳಲ್ಲಿ ಕೇಳಿಬರುತ್ತಿದ್ದ ಮಾತುಗಳು ಪೋಲಿಷ್ ಮತ್ತು ಯಹೂದ್ಯರ ಯಿಡ್ಡಿಷ್. ಲಿಥುವೇನಿಯನ್ ಆಡುವವರು ಕೆಲವರೇ. ಯಿಡ್ಡಿಷ್ ಭಾಷೆ ಸಂಸ್ಕೃತಿಗಳ ಅಧ್ಯಯನಕ್ಕಾಗಿ 1925ರಲ್ಲಿ ಸ್ಥಾಪಿತವಾದ ‘ಯಿವೊ’ ಸಂಸ್ಥೆಯ ನೆಲೆ ಈ ನಗರವೇ ಆಗಿತ್ತು. 1941ರಿಂದ 1944ರವರೆಗೆ ಪಾನೆರ್ಯಾಯ್ ಕಾಡಿನಲ್ಲಿ ಸುಮಾರು 70,000 ಯಹೂದ್ಯರನ್ನು ಕೊಂದರು. ಅವರಲ್ಲದೆ ಪೋಲಿಷ್ ಜನರನ್ನೂ ಸೋವಿಯತ್ ಯುದ್ಧಕೈದಿಗಳನ್ನೂ ಕೊಂದರು. ಆಜ್ಞೆ ಜರ್ಮನ್ನರದು, ಗುಂಡು ಹಾರಿಸಿದವರಲ್ಲಿ ಲಿಥುವೇನಿಯಾದವರೂ ಇದ್ದರು. ಎಣ್ಣೆಯ ತೊಟ್ಟಿಗಳಿಗೆಂದು ಸೋವಿಯತ್ ಆಡಳಿತ ತೋಡಿಸಿದ್ದ ದುಂಡನೆಯ ಹಳ್ಳಗಳೇ ಗೋರಿಗಳಾದುವು. ಈಗ ಅವುಗಳಲ್ಲಿ ಹುಲ್ಲು ಬೆಳೆದಿದೆ. ಸುತ್ತಲೂ ಪೈನ್ ಮರಗಳು. ಅಲ್ಲಿ ನಾವು ಯಾರೂ ಹೆಚ್ಚು ಮಾತಾಡಲಿಲ್ಲ.

ಹಿಂತಿರುಗುವ ದಾರಿಯಲ್ಲಿ ಮಾರ್ಗದರ್ಶಿ ಇನ್ನೊಂದು ಸಂಗತಿ ಹೇಳಿದರು. ಯಹೂದ್ಯರ ಗ್ರಂಥಭಂಡಾರಗಳನ್ನು ವಿಂಗಡಿಸಿ, ಬೇಕಾದುದನ್ನು ಜರ್ಮನಿಗೆ ಕಳುಹಿಸಿ, ಉಳಿದುದನ್ನು ಕಾಗದದ ಗಿರಣಿಗೆ ಹಾಕಲು ನಾಜಿಗಳು ಯಹೂದ್ಯ ವಿದ್ವಾಂಸರನ್ನೇ ನೇಮಿಸಿದ್ದರು. ಕವಿ ಅಬ್ರಹಾಂ ಸುಟ್ಸ್‌ಕೆವರ್ ಅವರಲ್ಲಿ ಒಬ್ಬ. ಸಂಜೆ ತಮ್ಮ ಕೇರಿಗೆ ಮರಳುವಾಗ ಇವರು ಹಸ್ತಪ್ರತಿಗಳನ್ನು ಬಟ್ಟೆಯೊಳಗೆ ಅಡಗಿಸಿ ತಂದು ಹೂಳಿಟ್ಟರು. ಸಿಕ್ಕಿಬಿದ್ದರೆ ಸಾವೇ ಶಿಕ್ಷೆ. ಯುದ್ಧಾನಂತರ ಸೋವಿಯತ್ ಕಾಲದಲ್ಲಿ ಯಹೂದ್ಯ ಗ್ರಂಥಗಳಿಗೆ ಮತ್ತೆ ಕುತ್ತು ಬಂದಾಗ, ಆಂತಾನಸ್ ಉಲ್ಪಿಸ್ ಎಂಬ ಲಿಥುವೇನಿಯನ್ ಗ್ರಂಥಪಾಲ ಸಾವಿರಾರು ಪುಸ್ತಕ ಪತ್ರಗಳನ್ನು ಹಳೆಯ ಇಗರ್ಜಿಯೊಂದರಲ್ಲಿದ್ದ ತನ್ನ ಪುಸ್ತಕ ಸಂಗ್ರಹದಲ್ಲಿ ಬಚ್ಚಿಟ್ಟ. ಅವು ಬೆಳಕಿಗೆ ಬಂದುದು 1980ರ ದಶಕದ ಕೊನೆಯಲ್ಲಿ.

ಒಂದೇ ನಾಡಿನಲ್ಲಿ, ಒಂದು ಶತಮಾನದೊಳಗೆ, ಎರಡು ಬಾರಿ ಮನುಷ್ಯರು ಪ್ರಾಣ ಪಣವಿಟ್ಟು ಪುಸ್ತಕಗಳನ್ನು ಕದ್ದು ಸಾಗಿಸಿದರು. ಮೊದಲನೆಯವರ ಭಾಷೆ ಇಂದು ರಾಷ್ಟ್ರಭಾಷೆ. ಎರಡನೆಯವರ ಪುಸ್ತಕಗಳು ಉಳಿದುವು, ಓದುವವರು ಉಳಿಯಲಿಲ್ಲ. ಮೊದಲನೆಯ ಕಥೆ ನಮ್ಮ ಪ್ರವಾಸದ ಪಟ್ಟಿಯಲ್ಲಿತ್ತು, ಎರಡನೆಯದು ಇರಲಿಲ್ಲ. ಪಟ್ಟಿ ಮಾಡಿದವರ ಮೇಲೆ ದೂರು ಹೊರಿಸಬೇಕಾಗಿಲ್ಲ. ಹತ್ತು ದಿನಗಳಲ್ಲಿ ಎಲ್ಲವೂ ಹಿಡಿಯದು. ಆದರೆ ಕೇಳುವವನೊಬ್ಬನಿದ್ದರೆ ಪಟ್ಟಿ ಸ್ವಲ್ಪ ಸಡಿಲುತ್ತದೆ. ಸಣ್ಣ ತಂಡದ ನಿಜವಾದ ಲಾಭ ಇದು.

ಕಪಾಟಿನಲ್ಲಿ ಹಾಡು

ಉತ್ತರಕ್ಕೆ ಹೋಗುವ ದಾರಿಯಲ್ಲಿ ಷ್ಯೌಲಿಯೈ ನಗರದ ಬಳಿ ಶಿಲುಬೆಗಳ ಗುಡ್ಡವಿದೆ. 1961ರಲ್ಲಿ ಮತ್ತು ಆಮೇಲೂ ಸೋವಿಯತ್ ಅಧಿಕಾರಿಗಳು ಬುಲ್ಡೋಜರ್ ಹರಿಸಿ ಅದನ್ನು ನೆಲಸಮ ಮಾಡಿದರು. ಪ್ರತಿಬಾರಿಯೂ ಜನ ರಾತ್ರಿ ಬಂದು ಹೊಸ ಶಿಲುಬೆಗಳನ್ನು ನೆಟ್ಟರು. ಅಲ್ಲಿಂದ ಮುಂದೆ ಒಂದು ಫಲಕ, ನಕ್ಷತ್ರಗಳ ವೃತ್ತದೊಳಗೆ ಒಂದು ಹೆಸರು. ಅಷ್ಟರಲ್ಲಿ ನಾವು ಲಾಟ್ವಿಯಾದಲ್ಲಿದ್ದೆವು. ಲಿಥುವೇನಿಯಾ ಕ್ಯಾಥೊಲಿಕ್ ನಾಡು. ನೂರಾರು ವರ್ಷ ಪೋಲೆಂಡಿನೊಡನೆ ಕೂಡಿ ಆಳಿದ ದೊಡ್ಡ ರಾಜ್ಯದ ನೆನಪು ಅದಕ್ಕಿದೆ. ಲಾಟ್ವಿಯಾಕ್ಕೆ ಅಂಥ ನೆನಪಿಲ್ಲ. 1201ರಲ್ಲಿ ಬಿಷಪ್ ಆಲ್ಬರ್ಟ್ ಕಟ್ಟಿದ ರೀಗಾ ನಗರವೂ ಸುತ್ತಣ ಭೂಮಿಯೂ ಶತಮಾನಗಳ ಕಾಲ ಜರ್ಮನ್ ವರ್ತಕರ, ಜಮೀನುದಾರರ ಕೈಯಲ್ಲಿದ್ದುವು. ಲಾಟ್ವಿಯನ್ ಎಂಬುದು ಹೊಲದ ಆಳುಗಳ ಮಾತು. ಲಿಥುವೇನಿಯನ್ನಿಗೆ ಅದು ತಂಗಿಯಾದರೂ ಒಬ್ಬರ ಮಾತು ಇನ್ನೊಬ್ಬರಿಗೆ ಅರ್ಥವಾಗದು. ಬ್ರೆಡ್ಡಿಗೆ ಅಲ್ಲಿ ‘ದುವೊನ’ ಎಂದರೆ ಇಲ್ಲಿ ‘ಮೈಜೆ’.

ಅರಮನೆಗಳಿಲ್ಲದ ಜನಕ್ಕೆ ಹಾಡೇ ಸಂಪತ್ತು. ‘ದೈನಾ’ ಎಂಬ ನಾಲ್ಕು ಸಾಲಿನ ಜಾನಪದ ಹಾಡುಗಳನ್ನು ಕ್ರಿಷ್ಯಾನಿಸ್ ಬಾರೊನ್ಸ್ ಎಂಬ ವಿದ್ವಾಂಸ ಬಾಳೆಲ್ಲ ಸಂಗ್ರಹಿಸಿದ. ಊರೂರುಗಳಿಂದ ಬಂದ ಹಾಡುಗಳನ್ನು ಬೆರಳಗಲದ ಚೀಟಿಗಳಲ್ಲಿ ಬರೆದು ಜೋಡಿಸಲು 1880ರಲ್ಲಿ ಒಂದು ಮರದ ಕಪಾಟನ್ನು ಮಾಡಿಸಿದ. 1894ರಿಂದ 1915ರವರೆಗೆ ಅವುಗಳನ್ನು ಪ್ರಕಟಿಸಿದಾಗ ಹಾಡುಗಳ ಸಂಖ್ಯೆ 2,17,000ವನ್ನೂ ಮೀರಿತ್ತು. ಆ ಮೊದಲ ಭಾಗ ಹೊರಬಂದ 1894ನೆಯ ಇಸವಿಯಲ್ಲೇ ನಮ್ಮ ಮಂಗಳೂರಿನಲ್ಲಿ ಕಿಟ್ಟೆಲ್ಲರ ಕನ್ನಡ ನಿಘಂಟು ಅಚ್ಚಾಯಿತೆಂಬುದು ನೆನಪಾಗಿ, ಕಪಾಟಿನ ಮುಂದೆ ನಾನು ಸ್ವಲ್ಪ ಹೆಚ್ಚು ಹೊತ್ತು ನಿಂತೆ. ಎಷ್ಟು ದೂರದೂರದ ಎರಡು ಮೂಲೆಗಳಲ್ಲಿ ಇಬ್ಬರು ಮುದುಕರು ಜನರ ಬಾಯಲ್ಲಿದ್ದುದನ್ನು ಚೀಟಿಗಳಿಗೆ ಇಳಿಸುತ್ತ ಕುಳಿತಿದ್ದರು!

ಈಗ ಆ ಕಪಾಟು ದೌಗವಾ ನದಿಯ ದಡದ ರಾಷ್ಟ್ರೀಯ ಗ್ರಂಥಾಲಯದಲ್ಲಿದೆ. ಹೊಸ ಕಟ್ಟಡ ಸಿದ್ಧವಾದಾಗ, 2014ರ ಜನವರಿ 18ರಂದು, ಕೊರೆಯುವ ಚಳಿಯಲ್ಲಿ ಸುಮಾರು 14,000 ಜನ ಹಳೆಯ ಗ್ರಂಥಾಲಯದಿಂದ ಹೊಸದರವರೆಗೆ, ಸೇತುವೆಯ ಮೇಲೂ, ಸಾಲಾಗಿ ನಿಂತು ಪುಸ್ತಕಗಳನ್ನು ಕೈಯಿಂದ ಕೈಗೆ ದಾಟಿಸಿದರು. ‘ಆ ಸಾಲಿನಲ್ಲಿ ನಾನೂ ಇದ್ದೆ, ನನ್ನ ಕೈಗೆ ಬಂದುದು ಅಡಿಗೆಯ ಪುಸ್ತಕ’ ಎಂದು ಮಾರ್ಗದರ್ಶಿ ನಕ್ಕರು.

ಆ ನಾಡಿನಲ್ಲಿ ಇನ್ನೊಂದು ಭಾಷೆಯೂ ಇದ್ದಿತು. ಕಡಲ ಕರೆಯ ಬೆಸ್ತರ ಲಿವೋನಿಯನ್. ಅದನ್ನು ತಾಯ್ನುಡಿಯಾಗಿ ಕಲಿತ ಕೊನೆಯವರೆಂದು ಹೆಸರಾದ ಗ್ರಿಜೆಲ್ಡಾ ಕ್ರಿಸ್ತಿನಾ 2013ರಲ್ಲಿ, ನೂರು ದಾಟಿದ ವಯಸ್ಸಿನಲ್ಲಿ, ಕೆನಡಾದಲ್ಲಿ ತೀರಿಕೊಂಡರು. ಲಾಟ್ವಿಯಾದ ಕಾನೂನು ಅದನ್ನು ಮೂಲನಿವಾಸಿಗಳ ಭಾಷೆಯೆಂದು ಮನ್ನಿಸಿದೆ, ವಿದ್ಯಾರ್ಥಿಗಳು ಕಲಿಯುತ್ತಾರೆ. ಮನೆಯಲ್ಲಿ ಆಡುವ ಮುದುಕಿ ಮಾತ್ರ ಇಲ್ಲ.

ಹೂವಿಡುವ ಕಲ್ಲು

ರೀಗಾದ ನಡುವೆ 1935ರಲ್ಲಿ ನಿಲ್ಲಿಸಿದ ಸ್ವಾತಂತ್ರ್ಯ ಸ್ತಂಭವಿದೆ. ಅದರ ತುದಿಯಲ್ಲಿ ಮೂರು ನಕ್ಷತ್ರಗಳನ್ನು ಎತ್ತಿ ಹಿಡಿದ ಹೆಣ್ಣಿನ ಪ್ರತಿಮೆ. 1918ರಲ್ಲಿ ಮೂರೂ ದೇಶಗಳು ಸ್ವತಂತ್ರವಾಗಿ, 1940ರಲ್ಲಿ ಸೋವಿಯತ್ ಒಕ್ಕೂಟದ ವಶವಾಗಿ, 1941ರಿಂದ ಜರ್ಮನ್ನರ, 1944ರಿಂದ ಮತ್ತೆ ಸೋವಿಯತ್ತರ ಕೈಗೆ ಬಂದುವು. ಆ ಕಾಲದಲ್ಲಿ ಸ್ತಂಭದ ಬುಡದಲ್ಲಿ ಹೂವಿಟ್ಟವರು ಪೊಲೀಸರ ಕೈಗೆ ಸಿಕ್ಕುತ್ತಿದ್ದರು. 1949ರ ಮಾರ್ಚಿಯಲ್ಲಿ ಈ ಮೂರು ನಾಡುಗಳಿಂದ 90,000ಕ್ಕೂ ಹೆಚ್ಚು ಜನರನ್ನು, ಬಹುಮಟ್ಟಿಗೆ ಹೆಂಗಸರು ಮಕ್ಕಳನ್ನು, ಸೈಬೀರಿಯಕ್ಕೆ ಸಾಗಿಸಿದರು. ನಮ್ಮ ಮಾರ್ಗದರ್ಶಿಯ ಅಜ್ಜಿ ಅವರಲ್ಲಿ ಒಬ್ಬಳು. 1987ರ ಜೂನ್ 14ರಂದು ಕೆಲವು ಧೈರ್ಯಶಾಲಿಗಳು ಗಡೀಪಾರಾದವರ ನೆನಪಿಗೆಂದು ಅಲ್ಲಿ ಬಹಿರಂಗವಾಗಿ ಹೂವಿಟ್ಟರು. ‘ಆ ವರ್ಷ ನನ್ನ ಅಮ್ಮ ದೂರ ನಿಂತು ನೋಡಿದಳು, ಮುಂದಿನ ವರ್ಷ ತಾನೇ ಹೋಗಿ ಹೂವಿಟ್ಟಳು’ ಎಂದು ಆಕೆ ಹೇಳಿದರು.

ಅದೇ ಮಧ್ಯಾಹ್ನ ಬಸ್ಸು ನದಿಯಾಚೆಯ ದೊಡ್ಡ ಉದ್ಯಾನವೊಂದರ ಬದಿಯಲ್ಲಿ ಹಾದುಹೋಯಿತು. ಕೆನಡಾದ ಅಧ್ಯಾಪಿಕೆ, ‘ಇಲ್ಲಿ ಇದ್ದ ವಿಜಯಸ್ತಂಭವನ್ನು ಕೆಡವಿದರಲ್ಲವೆ?’ ಎಂದರು. ಹಿಟ್ಲರನ ಸೇನೆಯ ಮೇಲೆ ಸೋವಿಯತ್ ಸೇನೆ ಗಳಿಸಿದ ಜಯದ ನೆನಪಿಗೆಂದು 1985ರಲ್ಲಿ ನಿಲ್ಲಿಸಿದ್ದ 79 ಮೀಟರಿನ ಸ್ತಂಭ ಅದು. ರಷ್ಯ ಯುಕ್ರೇನಿನ ಮೇಲೆ ದಂಡೆತ್ತಿದ ಬಳಿಕ, 2022ರ ಆಗಸ್ಟ್ 25ರಂದು, ಅದನ್ನು ಉರುಳಿಸಿದರು. ಲಾಟ್ವಿಯನ್ನರಿಗೆ ಆ ಕಲ್ಲು ದಾಸ್ಯದ ಗುರುತು. ಬಸ್ಸಿನವನು, ಅದುವರೆಗೆ ನಮ್ಮೊಡನೆ ಮುಗುಳ್ನಗೆಯಲ್ಲೇ ಮಾತು ಮುಗಿಸುತ್ತಿದ್ದವನು, ಬಸ್ಸನ್ನು ಬದಿಗೆ ನಿಲ್ಲಿಸಿ ರಷ್ಯನ್ನಿನಲ್ಲಿ ಮಾತಾಡತೊಡಗಿದ. ಮಾರ್ಗದರ್ಶಿ ಒಂದು ಕ್ಷಣ ತಡೆದು, ಆಮೇಲೆ ಇಂಗ್ಲಿಷಿಗೆ ತಿರುಗಿಸುತ್ತ ಹೋದರು.

‘ನನ್ನ ಅಪ್ಪ ಕಾರ್ಖಾನೆಯ ಕೆಲಸಕ್ಕೆ ಇಲ್ಲಿಗೆ ಬಂದವನು. ತಾತ ಯುದ್ಧದಲ್ಲಿ ಸತ್ತ. ಎಲ್ಲಿ ಹೂಳಿದರೋ ನಮಗೆ ಗೊತ್ತಿಲ್ಲ. ಅಮ್ಮ ಪ್ರತಿವರ್ಷ ಮೇ 9ರಂದು ಈ ಕಲ್ಲಿನ ಬುಡದಲ್ಲಿ ಹೂವಿಡುತ್ತಿದ್ದಳು. ಅವಳಿಗೆ ರಾಜಕೀಯ ತಿಳಿಯದು. ಅದು ಅವಳ ಅಪ್ಪನ ಗೋರಿ. ಕೆಡವುವುದನ್ನು ನೋಡಲು ಅವಳು ಇರಲಿಲ್ಲ, ದೇವರು ದೊಡ್ಡವನು.’ 1991ರ ಬಳಿಕ ಲಾಟ್ವಿಯಾ 1940ಕ್ಕೆ ಮುಂಚಿನ ಪೌರರಿಗೂ ಅವರ ಸಂತತಿಗೂ ಮಾತ್ರ ನೇರವಾಗಿ ಪೌರತ್ವ ಕೊಟ್ಟಿತು; ಉಳಿದವರು ಭಾಷೆಯ ಪರೀಕ್ಷೆ ಕೊಡಬೇಕಾಯಿತು. ಇವನು ಕೊಟ್ಟು ತೇರ್ಗಡೆಯಾದ. ತಾಯಿ ಕೊಡಲಿಲ್ಲ, ಯಾವ ದೇಶದ ಪೌರಳೂ ಅಲ್ಲವೆಂದು ಹೇಳುವ ಪಾಸ್‌ಪೋರ್ಟಿನೊಡನೆಯೇ ಸತ್ತಳು. ಅಂಥವರು ಆ ದೇಶದಲ್ಲಿ ಇಂದಿಗೂ ಲಕ್ಷಕ್ಕೂ ಮೀರಿ ಇದ್ದಾರೆ.

ತಿರುಗಿಸುವಾಗ ಮಾರ್ಗದರ್ಶಿಯ ಮುಖ ಕೆಂಪೇರಿತ್ತು. ಆ ಕಲ್ಲಿನ ವಿಷಯದಲ್ಲಿ ಅವರ ಅಭಿಪ್ರಾಯವೇನೆಂಬುದು ನಮಗೆಲ್ಲ ತಿಳಿದಿತ್ತು. ಅದನ್ನು ಕೆಡವಿದುದು ಸರಿಯೆಂದು ಬೆಳಗ್ಗೆಯೇ ಹೇಳಿದ್ದರು. ಆದರೂ ತಮ್ಮ ಕಡೆಯಿಂದ ಒಂದು ಮಾತನ್ನೂ ಸೇರಿಸಲಿಲ್ಲ. ರಷ್ಯನ್ ಬಲ್ಲ ಕೆನಡಾದ ಅಧ್ಯಾಪಿಕೆ ರಾತ್ರಿ ಊಟದ ಹೊತ್ತಿನಲ್ಲಿ ನನಗೆ ಹೇಳಿದರು: ‘ಆಕೆ ಒಂದು ಪದವನ್ನೂ ಬಿಡಲಿಲ್ಲ. ದೇವರು ದೊಡ್ಡವನು ಎಂಬುದನ್ನೂ.’ ಮಾರ್ಗದರ್ಶಿಯಾದವರ ವಿದ್ಯೆಯನ್ನು ಇಸವಿಗಳಿಂದ ಅಳೆಯುವುದು ವಾಡಿಕೆ. ನಾನು ಆ ದಿನ ಕಂಡ ವಿದ್ಯೆ ಬೇರೆ ಬಗೆಯದು.

ಬೇರೆ ನುಡಿ, ಅದೇ ಹಾಡು

ಮರುದಿನ ಈಶಾನ್ಯಕ್ಕೆ ಹೊರಟು ಗೌಯಾ ನದಿಯ ಕಣಿವೆಯ ಮೂಲಕ ಗಡಿಯ ಊರಿಗೆ ಬಂದೆವು. ಇದು ಒಂದೇ ಊರು. ಲಾಟ್ವಿಯಾದ ಅರ್ಧಕ್ಕೆ ವಾಲ್ಕಾ, ಎಸ್ಟೋನಿಯಾದ ಅರ್ಧಕ್ಕೆ ವಾಲ್ಗಾ ಎಂದು ಹೆಸರು. 1920ರಲ್ಲಿ ಎರಡು ಹೊಸ ದೇಶಗಳು ಇದಕ್ಕಾಗಿ ಜಗಳವಾಡಿದಾಗ ಮಧ್ಯಸ್ಥಿಕೆಗೆ ಬಂದ ಬ್ರಿಟಿಷ್ ಕರ್ನಲ್ ಸ್ಟೀಫನ್ ಟ್ಯಾಲೆಂಟ್ಸ್ ಊರನ್ನು ಸೀಳಿ ಗಡಿ ಹಾಕಿದ. 1991ರ ಬಳಿಕ ಅಲ್ಲಿ ಬೇಲಿಯೂ ಕಾವಲೂ ಬಂದು, ಪಕ್ಕದ ಬೀದಿಯ ನೆಂಟರ ಮನೆಗೆ ಹೋಗಲು ಪಾಸ್‌ಪೋರ್ಟು ಬೇಕಾಗಿತ್ತು. 2007ರ ಡಿಸೆಂಬರಿನಲ್ಲಿ ಎಲ್ಲವನ್ನೂ ಕಿತ್ತರು. ಈಗ ಸಣ್ಣ ತೊರೆಯೊಂದನ್ನು ದಾಟಿದರೆ ದೇಶ ಬದಲಾಗುತ್ತದೆ. ಐರ್ಲೆಂಡಿನ ಅಣ್ಣತಮ್ಮಂದಿರು ಅಲ್ಲಿ ಬಹಳ ಹೊತ್ತು ಸುಮ್ಮನೆ ನಿಂತಿದ್ದರು. ತಮ್ಮ ದ್ವೀಪದ ಗಡಿಯೂ ಆ ವರ್ಷಗಳದೇ ಎಂದು ಆಮೇಲೆ ದೊಡ್ಡವನು ಹೇಳಿದ.

ತೊರೆಯಾಚೆ ಮಾತು ಪೂರ್ತಿ ಬದಲಾಗುತ್ತದೆ. ವಿಲ್ನಿಯಸ್ಸಿನ ‘ಲಾಬ ದಿಯೆನ’ ಎಂಬ ನಮಸ್ಕಾರ ರೀಗಾದಲ್ಲಿ ‘ಲಬ್‌ದಿಯೆನ್’ ಆಗಿತ್ತು, ಇಲ್ಲಿ ‘ತೇರೆ’. ಎಸ್ಟೋನಿಯನ್ ಇಂಡೋ-ಯೂರೋಪಿಯನ್ ಕುಟುಂಬಕ್ಕೇ ಸೇರಿದುದಲ್ಲ; ಫಿನ್ನಿಷ್ ಭಾಷೆಯ ನೆಂಟ, ಹದಿನಾಲ್ಕು ವಿಭಕ್ತಿಗಳ ಭಾಷೆ. ಅಗ್ನಿ ಉಗ್ನಿಗಳ ಆಟ ಇಲ್ಲಿ ನಡೆಯಲಿಲ್ಲ. ನಾಮಪದದ ಕೊನೆಗೆ ಪ್ರತ್ಯಯಗಳನ್ನು ಅಂಟಿಸುವ ಅದರ ರೀತಿ ಕನ್ನಡಿಗನಾದ ನನಗೆ ಹೊಸದೆನಿಸಲಿಲ್ಲ. ‘ಮನೆಯಲ್ಲಿ’, ‘ಮನೆಯಿಂದ’, ‘ಮನೆಗೆ’ ಎಂಬ ಕ್ರಮ ಅಲ್ಲಿಯೂ ಉಂಟು.

ಟಾರ್ಟು ನಗರದ ವಿಶ್ವವಿದ್ಯಾನಿಲಯವನ್ನು 1632ರಲ್ಲಿ ಸ್ವೀಡನ್ನಿನ ದೊರೆ ಗುಸ್ತಾವ್ ಅಡಾಲ್ಫ್ ಸ್ಥಾಪಿಸಿದ. ಅಲ್ಲಿ ಲ್ಯಾಟಿನ್ನಿನಲ್ಲಿ, ಜರ್ಮನ್ನಿನಲ್ಲಿ, ರಷ್ಯನ್ನಿನಲ್ಲಿ ಪಾಠ ನಡೆಯಿತು. ಮಣ್ಣಿನ ಮಕ್ಕಳ ಭಾಷೆಗೆ ಪ್ರವೇಶ ದೊರೆತುದು 1919ರಲ್ಲಿ. ಎಸ್ಟೋನಿಯನ್ ಆಡುವವರು ಹತ್ತು ಹನ್ನೊಂದು ಲಕ್ಷ ಮಾತ್ರ. ಆದರೂ ವೈದ್ಯ, ಭೌತವಿಜ್ಞಾನಗಳನ್ನು ಆ ಭಾಷೆಯಲ್ಲಿ ಕಲಿಸುತ್ತಾರೆ. ಇಂಗ್ಲಿಷಿನ ಒತ್ತಡ ಅಲ್ಲಿಯೂ ಇದೆ, ಅದರ ಚರ್ಚೆಯೂ ನಡೆದಿದೆ. 2011ರ ಜನಗಣತಿಯಲ್ಲಿ ಕನ್ನಡವನ್ನು ತಾಯ್ನುಡಿಯೆಂದು ಬರೆಸಿದವರು 4 ಕೋಟಿ 37 ಲಕ್ಷ. ಈ ಎರಡು ಸಂಖ್ಯೆಗಳನ್ನು ಪಕ್ಕಪಕ್ಕದಲ್ಲಿಟ್ಟು ನಮ್ಮ ಅಧ್ಯಾಪಕರೂ ವಿದ್ಯಾರ್ಥಿಗಳೂ ಒಮ್ಮೆ ನೋಡಬೇಕು. ಹೆಚ್ಚು ಹೇಳುವುದು ಅನವಶ್ಯಕ.

1869ರಲ್ಲಿ ಇದೇ ಟಾರ್ಟುವಿನಲ್ಲಿ ಯೋಹಾನ್ ಯಾನ್ಸೆನ್ ಎಂಬ ಪತ್ರಿಕೋದ್ಯಮಿ ಮೊದಲ ಹಾಡಿನ ಹಬ್ಬ ನಡೆಸಿದ. 1873ರಲ್ಲಿ ರೀಗಾದಲ್ಲಿಯೂ 1924ರಲ್ಲಿ ಕೌನಸ್ಸಿನಲ್ಲಿಯೂ ಅದು ಬೇರೂರಿತು. ಸಾವಿರಾರು ಜನ ಒಂದೇ ವೇದಿಕೆಯ ಮೇಲೆ ಕೂಡಿ ಹಾಡುವ ಈ ಹಬ್ಬವನ್ನು ಸೋವಿಯತ್ ಸರ್ಕಾರ ನಿಲ್ಲಿಸದೆ ಹಾಡುಗಳನ್ನು ಮಾತ್ರ ಬದಲಾಯಿಸಿತು. ಯಾನ್ಸೆನ್ನನ ಮಗಳು, ಕವಯಿತ್ರಿ ಲಿಡಿಯಾ ಕೊಯ್ದುಲಾ ತಾಯ್ನಾಡನ್ನು ಕುರಿತು ಬರೆದ ಪದ್ಯಕ್ಕೆ ಗುಸ್ತಾವ್ ಎರ್ನೆಸಾಕ್ಸ್ 1944ರಲ್ಲಿ ಹೊಸ ರಾಗ ಕಟ್ಟಿದ್ದ. ಅದನ್ನು ಹಬ್ಬದ ಪಟ್ಟಿಯಿಂದ ತೆಗೆದುಹಾಕಿದರೂ 1960ರಲ್ಲಿ, ಟಾಲಿನ್ನಿನ ಬಯಲಿನಲ್ಲಿ, ಜನ ತಾವಾಗಿಯೇ ಹಾಡಿದರು. 1988ರ ಬೇಸಗೆಯ ರಾತ್ರಿಗಳಲ್ಲಿ ಅದೇ ಬಯಲಿನಲ್ಲಿ ಹಾಡಿಗೆ ಕೂಡಿದವರು ಸ್ವಾತಂತ್ರ್ಯವನ್ನೇ ಕೇಳಿದರು.

ಕೈ ಹಿಡಿದ ಸಂಜೆ

ಹಾಗಾದರೆ ಮೂರು ಭಾಷೆ, ಬೇರೆಬೇರೆ ಮತ, ಬೇರೆಬೇರೆ ಚರಿತ್ರೆಯ ಈ ನಾಡುಗಳನ್ನು ಒಂದೇ ಗಂಟಿನಲ್ಲಿ ಕಟ್ಟಿದವರು ಯಾರು? ಮೊದಲು ಕಟ್ಟಿದವರು ಹೊರಗಿನವರು. 1939ರ ಆಗಸ್ಟ್ 23ರಂದು ಹಿಟ್ಲರ್ ಮತ್ತು ಸ್ಟಾಲಿನ್ನರ ಮಂತ್ರಿಗಳು ಮಾಡಿಕೊಂಡ ಒಪ್ಪಂದದ ಗುಪ್ತ ಭಾಗದಲ್ಲಿ ಪೂರ್ವ ಯೂರೋಪನ್ನು ಹಂಚಿಕೊಂಡಿದ್ದರು. ಆ ಹಂಚಿಕೆಯ ಫಲವಾಗಿ ಮೂರೂ ದೇಶಗಳು ಭೂಪಟದಿಂದ ಅಳಿಸಿಹೋದುವು. ಸರಿಯಾಗಿ ಐವತ್ತು ವರ್ಷಗಳ ಬಳಿಕ, 1989ರ ಆಗಸ್ಟ್ 23ರಂದು ಸಂಜೆ ಏಳು ಗಂಟೆಗೆ, ಆ ಜನ ತಮ್ಮನ್ನು ತಾವೇ ಕಟ್ಟಿಕೊಂಡರು. ಟಾಲಿನ್ನಿನ ಕೋಟೆಯ ಗೋಪುರದಿಂದ ರೀಗಾದ ಮೂಲಕ ವಿಲ್ನಿಯಸ್ಸಿನ ಗೆದಿಮಿನಸ್ ಗೋಪುರದವರೆಗೆ, ಆರುನೂರು ಕಿಲೋಮೀಟರಿಗೂ ಮೇಲೆ, ಸುಮಾರು ಇಪ್ಪತ್ತು ಲಕ್ಷ ಜನ ಕೈಗೆ ಕೈ ಹಿಡಿದು ನಿಂತರೆಂದು ಅಂದಾಜು. ನಿಂತುದು ಹದಿನೈದು ನಿಮಿಷ. ಆ ಡಿಸೆಂಬರಿನಲ್ಲಿ ಸೋವಿಯತ್ ಸಂಸತ್ತು ಗುಪ್ತ ಒಪ್ಪಂದ ಇದ್ದುದನ್ನು ಒಪ್ಪಿ ಖಂಡಿಸಿತು. 1991ರ ಸೆಪ್ಟೆಂಬರಿನಲ್ಲಿ ಮೂರು ದೇಶಗಳ ಸ್ವಾತಂತ್ರ್ಯಕ್ಕೂ ಮಾನ್ಯತೆ ದೊರೆಯಿತು. ಆ ನಡುವೆ ವಿಲ್ನಿಯಸ್ಸಿನ ದೂರದರ್ಶನ ಗೋಪುರದ ಬಳಿ 1991ರ ಜನವರಿ 13ರಂದು ಹದಿನಾಲ್ಕು ಜೀವಗಳು ಹೋದುವು.

ನಮ್ಮ ಮಾರ್ಗದರ್ಶಿಗೆ 1989ರಲ್ಲಿ ಹದಿನಾಲ್ಕು ವರ್ಷ. ರೀಗಾದ ಉತ್ತರಕ್ಕೆ ಹೆದ್ದಾರಿಯೊಂದರ ಅಂಚಿನಲ್ಲಿ ತಾಯಿಯ ಕೈ ಹಿಡಿದು ನಿಂತಿದ್ದರು. ಇನ್ನೊಂದು ಕೈ ಹಿಡಿದವರು ಯಾರೆಂಬುದು ಇಂದಿಗೂ ತಿಳಿಯದು. ರಷ್ಯನ್ನಿನಲ್ಲಿ ಮಾತಾಡುತ್ತಿದ್ದ ಒಬ್ಬ ಮುದುಕಿ ಎಂಬುದಷ್ಟೇ ನೆನಪು. ಇದನ್ನು ಆಕೆ ಟಾಲಿನ್ನಿನ ಹಾಡಿನ ಬಯಲಿನಲ್ಲಿ ನಮ್ಮ ಬಸ್ಸಿನವನ ಎದುರಿಗೇ ಹೇಳಿದರು. ಅವನು ಆ ಸಂಜೆ ಎಲ್ಲಿದ್ದನೆಂದು ನಮ್ಮಲ್ಲೊಬ್ಬರು ಕೇಳಿದರು. ‘ಕಾರ್ಖಾನೆಯಲ್ಲಿ ನನಗೆ ಎರಡನೆಯ ಪಾಳಿಯಿತ್ತು’ ಎಂದನು. ಸ್ವಲ್ಪ ತಡೆದು, ‘ಬಿಡುವಿದ್ದರೆ ಹೋಗುತ್ತಿದ್ದೆನೋ ಇಲ್ಲವೋ, ನನಗೆ ತಿಳಿಯದು’ ಎಂದನು. ಮಾರ್ಗದರ್ಶಿ ಇದನ್ನೂ ಹಾಗೆಯೇ ತಿರುಗಿಸಿ ಹೇಳಿದರು.

ಈ ದಾರಿಯಲ್ಲಿ ಹೋಗಬಯಸುವ ಓದುಗರಿಗೆ ಎರಡೇ ಮಾತು. ಮೂರು ರಾಜಧಾನಿಗಳನ್ನು ಮಾತ್ರ ನೋಡಿ ಬರುವ ಪ್ರವಾಸಕ್ಕಿಂತ ಕೌನಸ್, ವಾಲ್ಗಾ, ಟಾರ್ಟುಗಳಲ್ಲಿಯೂ ನಿಲ್ಲುವ ಪ್ರವಾಸ ಮೇಲು; ಭಾಷೆ ಬದಲಾಗುವುದು ರಸ್ತೆಯಲ್ಲಿಯೇ ಹೊರತು ವಿಮಾನದಲ್ಲಿ ಅಲ್ಲ. ಬಿಡುವಿನ ಮಧ್ಯಾಹ್ನ ದೊರೆತಾಗ, ಪಟ್ಟಿಯಲ್ಲಿ ಇಲ್ಲದ ಜಾಗವೊಂದನ್ನು ಕೇಳಿ ತಿಳಿದು ಹೋಗುವುದು ಒಳ್ಳೆಯದು.

ಟಾಲಿನ್ನಿನಲ್ಲಿ ನಮ್ಮ ತಂಡ ಚದುರಿತು. ಹತ್ತು ದಿನಗಳಲ್ಲಿ ನಾವು ಕಲಿತಿದ್ದುದು ಮೂರು ಭಾಷೆಗಳ ಧನ್ಯವಾದ ಮಾತ್ರ: ಲಿಥುವೇನಿಯನ್ನಿನ ‘ಆಚೂ’, ಲಾಟ್ವಿಯನ್ನಿನ ‘ಪಾಲ್ದಿಯೆಸ್’, ಎಸ್ಟೋನಿಯನ್ನಿನ ‘ಐತಾಹ್’. ಮಾರ್ಗದರ್ಶಿಗೆ ನನ್ನ ಪತ್ನಿ ಮೂರನ್ನೂ ಒಪ್ಪಿಸಿದಳು. ಬಸ್ಸಿನವನು ನಮ್ಮ ಪೆಟ್ಟಿಗೆಗಳನ್ನು ಇಳಿಸಿ ನಿಂತಿದ್ದ. ಅವನಿಗೆ ಯಾವುದನ್ನು ಹೇಳಬೇಕೆಂದು ಅವಳು ಮಾರ್ಗದರ್ಶಿಯನ್ನು ಕೇಳಿದಳು. ಆಕೆ ತಾವೇ ಅವನ ಕಡೆ ತಿರುಗಿ, ನಮಗೂ ಕೇಳುವಂತೆ, ‘ಸ್ಪಸೀಬ’ ಎಂದರು. ನಾವೂ ಹಾಗೆಯೇ ಹೇಳಿದೆವು.